ನಮ್ಮ ಮೈಯಲ್ಲಿರುವ ಚಿಟಿಕೆ ಧಾತುಗಳು

(ತೋಟಗಳಿಂದ ರಜೆಗೆ ಬಂದ ಕುಟುಂಬಗಳು ಸಿರ್ಗಾಪುರದಲ್ಲಿ ಕೂಡಿದ್ದಾಗ ಆಡಿದ ಮಾತುಗಳು)



ರೊಟ್ಟಿ ತಟ್ಟುವ ಹೊತ್ತಿನಲ್ಲಿ ನಿಮ್ಮನ್ನು ಕರೆದು ಕೂಡಿಸಿದ್ದೇವೆ. ಹೆಚ್ಚು ಹೊತ್ತು ಹಿಡಿಯುವುದಿಲ್ಲ. ಬರುವಾಗ ಮನೆಯ ಉಪ್ಪಿನ ಡಬ್ಬಿಯಿಂದ ಒಂದು ಚಿಟಿಕೆ ಉಪ್ಪನ್ನು ಕಾಗದದಲ್ಲಿ ಕಟ್ಟಿಕೊಂಡು ಬನ್ನಿ ಎಂದು ಹೇಳಿದ್ದೆವು. ಬಹಳ ಮಂದಿ ತಂದಿದ್ದೀರಿ. ಅದನ್ನು ಮಡಿಲಲ್ಲೇ ಇಟ್ಟುಕೊಳ್ಳಿ, ಕೊನೆಗೆ ಬೇಕಾಗುತ್ತದೆ.

ಕಳೆದ ವರ್ಷ ನಾವಿರುವ ತೋಟದ ಲೈನಿನಲ್ಲಿ ನಡೆದ ಒಂದು ಸಂಗತಿಯಿಂದ ಪ್ರಾರಂಭಿಸುತ್ತೇವೆ. ಸಂಬಳದ ಮರುದಿನ ಒಬ್ಬ ಮನುಷ್ಯ ಸಣ್ಣ ಪೆಟ್ಟಿಗೆಯೊಂದನ್ನು ಹಿಡಿದುಕೊಂಡು ಬಂದ. ಪೆಟ್ಟಿಗೆಗೆ ತಂತಿ, ತಂತಿಯ ತುದಿಗೆ ಒಂದು ಲೋಹದ ಕೋಲು. ಆ ಕೋಲನ್ನು ಮುಷ್ಟಿಯಲ್ಲಿ ಒಂದು ನಿಮಿಷ ಹಿಡಿದರೆ ಸಾಕು, ಮೈಯಲ್ಲಿ ಕಬ್ಬಿಣ ಎಷ್ಟು, ಸತು ಎಷ್ಟು, ತಾಮ್ರ ಎಷ್ಟು, ಸೆಲೆನಿಯಂ ಎಷ್ಟು ಎಂದು ಕಾಗದದ ಮೇಲೆ ಅಚ್ಚಾಗಿ ಬರುತ್ತದೆ ಎಂದ. ಬಂತು ಕೂಡ. ಎಲ್ಲರಿಗೂ ಎಲ್ಲವೂ ಕಡಿಮೆ! ಕಡಿಮೆಯಾದದ್ದಕ್ಕೆ ಅವನ ಚೀಲದಲ್ಲೇ ಪುಡಿಯ ಡಬ್ಬಿಗಳಿದ್ದವು. ನಮ್ಮ ಪಕ್ಕದ ಮನೆಯ ಹುಡುಗಿ, ಎರಡನೆಯ ಹೆರಿಗೆಯಾಗಿ ಎಂಟು ತಿಂಗಳಾಗಿತ್ತು, ಕಾಫಿ ಹಣ್ಣಿನ ಚೀಲ ಹೊತ್ತು ಅರ್ಧ ಏರು ಹತ್ತುವಷ್ಟರಲ್ಲಿ ಎದೆ ಹಿಡಿದುಕೊಂಡು ಕೂರುತ್ತಿದ್ದಳು. ಅವಳು ಒಂದು ವಾರದ ಕೂಲಿಯನ್ನು ಆ ಡಬ್ಬಿಗೆ ಕೊಟ್ಟಳು.

ನಮ್ಮಲ್ಲೊಬ್ಬರಿಗೆ ಅನುಮಾನ ಬಂದು, ಕೋಲನ್ನು ಒಮ್ಮೆ ಹಿಡಿದು, ಚಹ ಕುಡಿದು ಬಂದು ಮತ್ತೊಮ್ಮೆ ಹಿಡಿದರು. ಎರಡು ಕಾಗದಗಳನ್ನು ಪಕ್ಕಪಕ್ಕದಲ್ಲಿ ಇಟ್ಟರೆ ಒಂದಕ್ಕೊಂದು ಹೊಂದಲಿಲ್ಲ. ಕಾಲು ಗಂಟೆಯಲ್ಲಿ ಮೈಯ ಸತು ಏರಿತ್ತು, ತಾಮ್ರ ಇಳಿದಿತ್ತು. ಕೇಳಿದರೆ, ‘ಚಹದಿಂದ ಮೈ ಬಿಸಿಯಾಗಿದೆ’ ಎಂದ. ನಾವು ನಕ್ಕು ಸುಮ್ಮನಾದೆವು. ಸುಮ್ಮನಾದದ್ದೇ ನಮ್ಮ ತಪ್ಪು. ಅಂದೇ ಆ ಹುಡುಗಿಯನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದರೆ ಅವಳಿಗೆ ಮೂರು ತಿಂಗಳು ಉಳಿಯುತ್ತಿತ್ತು. ಅವಳ ಮಾತಿಗೆ ಮತ್ತೆ ಬರುತ್ತೇವೆ.

ಆ ಮನುಷ್ಯ ಹೇಳಿದ ಹೆಸರುಗಳೇನೋ ಸುಳ್ಳಲ್ಲ. ನಮ್ಮ ಮೈಯಲ್ಲಿ ಕಬ್ಬಿಣ, ಸತು, ತಾಮ್ರ, ಅಯೋಡಿನ್ ಎಲ್ಲವೂ ನಿಜವಾಗಿಯೂ ಇವೆ. ಆದರೆ ಎಷ್ಟು? ದೊಡ್ಡ ಗಂಡಸಿನ ಮೈಯಲ್ಲಿ ಕಬ್ಬಿಣ ಸುಮಾರು 4 ಗ್ರಾಂ, ಹೆಂಗಸಿನಲ್ಲಿ ಅದಕ್ಕಿಂತ ಕಡಿಮೆ. ಸತು ಸುಮಾರು 2 ಗ್ರಾಂ. ತಾಮ್ರ ಒಂದು ಗ್ರಾಮಿನ ಹತ್ತನೆಯ ಒಂದು ಪಾಲು. ಅಯೋಡಿನ್ ಅಂತೂ 15ರಿಂದ 20 ಮಿಲಿಗ್ರಾಂ, ಅಂದರೆ ಒಂದು ಚಿಟಿಕೆ ಉಪ್ಪಿಗಿಂತಲೂ ಕಡಿಮೆ ತೂಕ. ಇಷ್ಟನ್ನೆಲ್ಲ ಒಟ್ಟುಗೂಡಿಸಿದರೂ ಎರಡು ಚಮಚ ತುಂಬುವುದಿಲ್ಲ. ಆದರೂ ರಕ್ತ ಕೆಂಪಗಿರುವುದು ಆ ಕಬ್ಬಿಣದಿಂದ. ಗಾಯ ಮಾಯುವುದಕ್ಕೆ, ಮಕ್ಕಳು ಎತ್ತರ ಬೆಳೆಯುವುದಕ್ಕೆ ಸತು ಬೇಕು. ಗರ್ಭದಲ್ಲಿರುವ ಕೂಸಿನ ಮೆದುಳು ಬಲಿಯುವುದಕ್ಕೆ ಅಯೋಡಿನ್ ಬೇಕು. ಕಡಿಮೆಯಾದರೆ ಕೇಡು, ಹೆಚ್ಚಾದರೂ ಕೇಡು. ಆದುದರಿಂದ ಅಳತೆ ಬೇಕಾಗುತ್ತದೆ. ಆ ಅಳತೆಯನ್ನು ಮುಷ್ಟಿಯಲ್ಲಿ ಹಿಡಿದ ಕೋಲಿನಿಂದ ಮಾಡಲಾಗದು. ರಕ್ತವೋ ಮೂತ್ರವೋ, ಮೈಯಿಂದ ಏನಾದರೊಂದು ಹೊರಗೆ ತೆಗೆದು ನೋಡಲೇಬೇಕು.

ಹೇಗೆ ನೋಡುತ್ತಾರೆ? ಒಲೆಯ ಮೇಲಿನ ಸಾರು ಉಕ್ಕಿ ಬೆಂಕಿಗೆ ಬಿದ್ದಾಗ ಉರಿ ಥಟ್ಟನೆ ಹಳದಿಯಾಗುವುದನ್ನು ತಾಯಂದಿರೆಲ್ಲರೂ ನೋಡಿದ್ದೀರಿ. ಅದು ಉಪ್ಪಿನಲ್ಲಿರುವ ಸೋಡಿಯಂ ತೋರಿಸುವ ಬಣ್ಣ. ಹೀಗೆ ಒಂದೊಂದು ಧಾತುವಿಗೂ ತನ್ನದೇ ಆದ ಬೆಳಕು ಉಂಟು. 1950ರ ದಶಕದಲ್ಲಿ ಆಸ್ಟ್ರೇಲಿಯಾ ದೇಶದಲ್ಲಿ ಕೆಲಸ ಮಾಡುತ್ತಿದ್ದ ಅಲನ್ ವಾಲ್ಷ್ ಎಂಬ ವಿಜ್ಞಾನಿ ಇದನ್ನೇ ತಿರುಗಿಸಿ ನೋಡಿದರು. ರಕ್ತದ ನೀರನ್ನು ಉರಿಯೊಳಕ್ಕೆ ತುಂತುರಾಗಿ ಸಿಂಪಡಿಸಿ, ಆ ಉರಿಯ ಮೂಲಕ ತಾಮ್ರದ ಬೆಳಕನ್ನು ಹಾಯಿಸಿದರೆ, ಅದರಲ್ಲಿ ಎಷ್ಟು ತಾಮ್ರವಿದೆಯೋ ಅಷ್ಟು ಬೆಳಕು ನುಂಗಿಹೋಗುತ್ತದೆ. ಸತುವಿಗೆ ಸತುವಿನ ಬೆಳಕು. ನುಂಗಿದ ಬೆಳಕನ್ನು ಲೆಕ್ಕ ಹಾಕಿ ಧಾತು ಎಷ್ಟೆಂದು ಹೇಳುತ್ತಾರೆ. ಇದು ದೊಡ್ಡ ಪ್ರಯೋಗಶಾಲೆಯ ಕೆಲಸ. ಗ್ರಾಮಿನ ಹತ್ತು ಲಕ್ಷದ ಒಂದು ಪಾಲನ್ನು ಮೈಕ್ರೋಗ್ರಾಂ ಎನ್ನುತ್ತಾರೆ. ಅಷ್ಟು ಸಣ್ಣದನ್ನು ಅಳೆಯುವಾಗ ಸೀಸೆಗೆ ಅಂಟಿದ ಧೂಳಿನಿಂದಲೂ ಲೆಕ್ಕ ಕೆಡುತ್ತದೆ. ಕೂದಲನ್ನು ಕತ್ತರಿಸಿ ಕಳುಹಿಸಿ, ಎಲ್ಲ ಹೇಳುತ್ತೇವೆ ಎನ್ನುವವರೂ ಇದ್ದಾರೆ. ತೋಟದಲ್ಲಿ ಔಷಧಿ ಸಿಂಪಡಿಸುವವರ, ಒಲೆಯ ಹೊಗೆಯಲ್ಲಿ ಕೂರುವವರ ಕೂದಲಿಗೆ ಹೊರಗಿನಿಂದ ಅಂಟಿದ್ದು ಯಾವುದು, ಒಳಗಿನಿಂದ ಬಂದದ್ದು ಯಾವುದು ಎಂದು ಬೇರೆ ಮಾಡುವುದು ಸುಲಭವಲ್ಲ.

ಈ ವಿದ್ಯೆ ನಮಗೆ ದೂರದ್ದಲ್ಲ ಎಂಬುದನ್ನು ಇಲ್ಲಿ ಹೇಳಬೇಕು. ನಮ್ಮ ದೇಶದಲ್ಲಿ ಆಹಾರದ ಕುರಿತಾದ ದೊಡ್ಡ ಪ್ರಯೋಗಶಾಲೆ 1918ರಲ್ಲಿ ಹುಟ್ಟಿದ್ದು ನೀಲಗಿರಿಯ ಕೂನೂರಿನಲ್ಲಿ, ಚಹ ತೋಟಗಳ ನಡುವೆ. ರಾಬರ್ಟ್ ಮೆಕ್ಯಾರಿಸನ್ ಎಂಬ ವೈದ್ಯರು ಅದನ್ನು ಪ್ರಾರಂಭಿಸಿದರು. 1958ರಲ್ಲಿ ಅದು ಹೈದರಾಬಾದಿಗೆ ಬಂತು. ಈಗ ಅದರ ಹೆಸರು ರಾಷ್ಟ್ರೀಯ ಪೋಷಣಾ ಸಂಸ್ಥೆ. ನಾವು ಸಿರ್ಗಾಪುರದ ಕಡೆಯಿಂದ ಹೊಟ್ಟೆಪಾಡಿಗಾಗಿ ಬೆಟ್ಟದ ತೋಟಗಳಿಗೆ ಹೋದೆವು. ಅದು ಬೆಟ್ಟದ ತೋಟದಿಂದ ಇಳಿದು ನಮ್ಮ ಸೀಮೆಗೆ ಬಂತು!

ಹೈದರಾಬಾದಿಗೆ ಬಂದ ಮೇಲೆ ಆ ಸಂಸ್ಥೆಯವರು ಮಾಡಿದ ಒಂದು ಕೆಲಸ ನಮ್ಮ ರೊಟ್ಟಿಗೆ ಸಂಬಂಧಪಟ್ಟದ್ದು. ನಲ್ಗೊಂಡ ಜಿಲ್ಲೆಯ ಹೆಸರು ನೀವು ಕೇಳಿದ್ದೀರಿ. ಅಲ್ಲಿಯ ಬಾವಿ ನೀರಿನಲ್ಲಿ ಫ್ಲೋರೈಡ್ ಹೆಚ್ಚು. ಫ್ಲೋರೈಡ್ ಮೂಳೆಗೆ ಸೇರಿಕೊಳ್ಳುವ ವಸ್ತು. ವರ್ಷಗಟ್ಟಲೆ ಕುಡಿದವರ ಹಲ್ಲು ಕಂದುಗಟ್ಟಿ, ಬೆನ್ನು ಬಗ್ಗಿ, ಕುತ್ತಿಗೆ ತಿರುಗದ ಹಾಗಾಗುತ್ತದೆ. ಇದು ಹಿಂದಿನಿಂದ ತಿಳಿದದ್ದೇ. ಆದರೆ 1970ರ ದಶಕದ ಆರಂಭದಲ್ಲಿ ಸಂಸ್ಥೆಯ ವೈದ್ಯರು ಹೊಸದೊಂದನ್ನು ಕಂಡರು. ಬೆಳೆಯುವ ಹುಡುಗರ ಮೊಣಕಾಲುಗಳು ಒಳಕ್ಕೆ ಬಾಗಿ ಒಂದಕ್ಕೊಂದು ಒರೆಸುತ್ತಿದ್ದವು, ಪಾದಗಳು ದೂರ ದೂರ. ಕೃಷ್ಣಮಾಚಾರಿ ಮತ್ತು ಕೃಷ್ಣಸ್ವಾಮಿ ಎಂಬ ವೈದ್ಯರು 1973ರಲ್ಲಿ ಇದನ್ನು ಬರೆದು ಪ್ರಕಟಿಸಿದರು. ಹೆಚ್ಚಾಗಿ ಜೋಳ ತಿನ್ನುವವರಲ್ಲಿ ಇದು ಕಂಡಿತು. ಫ್ಲೋರೈಡ್ ಹಳೆಯದು, ಜೋಳವೂ ಹಳೆಯದು. ಈ ಕಾಲು ಮಾತ್ರ ಏಕೆ ಹೊಸದು?

ಜೋಳವನ್ನು ಅಳೆದು ನೋಡಿದರು. ಅದರಲ್ಲಿ ಮಾಲಿಬ್ಡಿನಂ ಎಂಬ ಇನ್ನೊಂದು ಧಾತು ಹೆಚ್ಚಾಗಿತ್ತು. ನಾಗಾರ್ಜುನಸಾಗರ ಅಣೆಕಟ್ಟಿನ ನೀರು ಹರಿದ ಮೇಲೆ ಸುತ್ತಲಿನ ನೆಲದೊಳಗಿನ ನೀರು ಮೇಲೇರಿ, ಮಣ್ಣಿನ ಗುಣ ಬದಲಾಗಿ, ಬೆಳೆ ಈ ಧಾತುವನ್ನು ಹೆಚ್ಚು ಹೀರಿತು ಎಂದು ಕೆಲವರು ವಿವರಿಸಿದರು. 1974ರಲ್ಲಿ ಅದೇ ಸಂಸ್ಥೆಯ ದೇವಸ್ಥಳೆ ಮತ್ತು ಗೋಪಾಲನ್ ಅವರು ನಾಲ್ವರು ಗಂಡಸರಿಗೆ ಮಾಲಿಬ್ಡಿನಂ ಕಡಿಮೆಯಿದ್ದ ಊಟವನ್ನೂ ಹೆಚ್ಚಿದ್ದ ಜೋಳದ ಊಟವನ್ನೂ ಬೇರೆ ಬೇರೆಯಾಗಿ ಕೊಟ್ಟು, ಅವರ ಮೂತ್ರವನ್ನು ಅಳೆದ ವರದಿಯನ್ನು ಪ್ರಕಟಿಸಿದರು. ದಿನಕ್ಕೆ 160 ಮೈಕ್ರೋಗ್ರಾಂ ಮಾಲಿಬ್ಡಿನಂ ಹೊಟ್ಟೆಗೆ ಹೋದಾಗ ಮೂತ್ರದಲ್ಲಿ ತಾಮ್ರ 24 ಮೈಕ್ರೋಗ್ರಾಂ. 1540 ಹೋದಾಗ ತಾಮ್ರ 77. ಅಂದರೆ ಒಂದು ಧಾತು ಹೆಚ್ಚಾದರೆ ಇನ್ನೊಂದನ್ನು ಮೈಯಿಂದ ಹೊರಕ್ಕೆ ಅಟ್ಟುತ್ತಿತ್ತು. ಮೂಳೆ ಗಟ್ಟಿಯಾಗುವುದಕ್ಕೆ ತಾಮ್ರ ಬೇಕು. ಮೊಣಕಾಲು ಬಾಗುವುದರಲ್ಲಿ ಇದರದ್ದೂ ಕೈಯಿರಬಹುದು ಎಂದು ಆಗ ಅವರು ಯೋಚಿಸಿದರು. ಮೂತ್ರ ಅಳೆಯದೆ ಹೋಗಿದ್ದರೆ ಇದು ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ.

ಇದನ್ನು ಕೇಳಿ ಜೋಳದ ರೊಟ್ಟಿ ಬಿಟ್ಟುಬಿಡಬೇಡಿ. ಸಿರ್ಗಾಪುರ, ನಾರಾಯಣಖೇಡ, ಜಹೀರಾಬಾದಿನವರು ಬೀದರ ಜಿಲ್ಲೆಗೆ ಸೇರಿದ್ದಾಗಲೂ ಅದನ್ನೇ ತಿಂದರು, 1956ರಲ್ಲಿ ಮೇದಕಕ್ಕೆ ಸೇರಿಸಿದ ಮೇಲೂ ಅದನ್ನೇ ತಿಂದರು. ನಲ್ಗೊಂಡದಲ್ಲಿ ಕೇಡು ಮಾಡಿದ್ದು ಆ ನೆಲದ ನೀರು ಮತ್ತು ಆ ನೆಲದ ಮಣ್ಣು. ಹಾಗಾದರೆ ನಮ್ಮ ಊರಿನ ನೀರು ಹೇಗಿದೆ? ನಲ್ಗೊಂಡವನ್ನು ನೋಡಿ ಇದನ್ನು ಹೇಳಲಾಗದು, ಪಕ್ಕದ ಹೊಲದ ಬೋರ್‌ವೆಲ್ ನೋಡಿಯೂ ಹೇಳಲಾಗದು. ನೂರು ಅಡಿ ಆಚೆಗಿನ ಎರಡು ಬಾವಿಗಳ ನೀರೇ ಬೇರೆ ಬೇರೆ ಇರುವುದುಂಟು. ಬೋರ್‌ವೆಲ್ ನೀರು ಕುಡಿಯುವವರು ಅದನ್ನು ಪ್ಲಾಸ್ಟಿಕ್ ಬಾಟಲಿಯಲ್ಲಿ, ಗಾಜಿನದ್ದರಲ್ಲಿ ಅಲ್ಲ, ತುಂಬಿ ಪರೀಕ್ಷೆಗೆ ಕೊಡಬೇಕು. ಒಂದು ಲೀಟರಿನಲ್ಲಿ ಫ್ಲೋರೈಡ್ 1 ಮಿಲಿಗ್ರಾಮಿನೊಳಗೆ ಇದ್ದರೆ ಒಳ್ಳೆಯದು, 1.5 ದಾಟಿದರೆ ಕುಡಿಯಬಾರದು. ಕುದಿಸಿದರೆ ಹೋಗುತ್ತದೆ ಎಂದು ಕೆಲವರು ತಿಳಿದಿದ್ದಾರೆ. ಹೋಗುವುದಿಲ್ಲ. ನೀರು ಆವಿಯಾಗಿ, ಉಳಿದ ನೀರಿನಲ್ಲಿ ಫ್ಲೋರೈಡ್ ಇನ್ನಷ್ಟು ದಟ್ಟವಾಗುತ್ತದೆ.

ಸತುವಿನ ಮಾತನ್ನು ಬೇಗ ಮುಗಿಸುತ್ತೇವೆ. ಬಿಹಾರದ ಬಕ್ಸರಿನಲ್ಲಿ ಹುಟ್ಟಿದ ಆನಂದ ಪ್ರಸಾದ್ ಎಂಬ ವೈದ್ಯರು 1958ರಲ್ಲಿ ಇರಾನಿನ ಶಿರಾಜ್ ಪಟ್ಟಣದಲ್ಲಿದ್ದಾಗ, ಇಪ್ಪತ್ತೊಂದು ವರ್ಷದ ಒಬ್ಬ ರೈತನನ್ನು ಅವರ ಮುಂದೆ ತಂದರು. ನೋಡಲು ಹತ್ತು ವರ್ಷದ ಹುಡುಗ. ತಿನ್ನುತ್ತಿದ್ದುದು ಹುಳಿ ಬರಿಸದ ರೊಟ್ಟಿ, ಜೊತೆಗೆ ಮಣ್ಣು. ಮುಂದೆ ಈಜಿಪ್ಟಿನಲ್ಲಿ ಇಂಥ ಯುವಕರ ರಕ್ತವನ್ನೂ ಮೂತ್ರವನ್ನೂ ಅಳೆದು, ಸತುವಿನ ಕೊರತೆಯನ್ನು 1963ರಲ್ಲಿ ತೋರಿಸಿಕೊಟ್ಟರು. ಸತು ಕೊಟ್ಟಾಗ ಬೆಳೆದರು. ಕಾಳಿನ ಹೊಟ್ಟಿನಲ್ಲಿರುವ ಒಂದು ವಸ್ತು ಸತುವನ್ನೂ ಕಬ್ಬಿಣವನ್ನೂ ಹಿಡಿದಿಟ್ಟುಕೊಳ್ಳುತ್ತದೆ. ನೆನೆಸಿದರೆ, ಮೊಳಕೆ ಬರಿಸಿದರೆ, ಅಂಬಲಿಯನ್ನು ಹುಳಿಯಲು ಬಿಟ್ಟರೆ ಆ ಹಿಡಿತ ಸಡಿಲವಾಗುತ್ತದೆ. ನಮ್ಮ ಅಜ್ಜಿಯರು ಮಾಡುತ್ತಿದ್ದುದು ಅದನ್ನೇ. ಮಗುವಿಗೆ ಭೇದಿಯಾದಾಗ ಸಕ್ಕರೆ-ಉಪ್ಪಿನ ಪುಡಿಯ ಪೊಟ್ಟಣದೊಂದಿಗೆ ಸತುವಿನ ಮಾತ್ರೆ ಕೊಡುತ್ತಾರೆ. ಭೇದಿ ಎರಡು ದಿನದಲ್ಲಿ ನಿಂತಿತೆಂದು ಮಾತ್ರೆ ನಿಲ್ಲಿಸಬೇಡಿ, ಹದಿನಾಲ್ಕು ದಿನವೂ ಕೊಡಿ. ಬಸುರಿಯರು ಮಣ್ಣು, ಬಳಪ ತಿನ್ನುವುದನ್ನು ಕಂಡರೆ ಗದರಬೇಡಿ. ಅಂಥವರಲ್ಲಿ ಬಹಳ ಸಲ ರಕ್ತಹೀನತೆ ಇರುತ್ತದೆ. ರಕ್ತ ಪರೀಕ್ಷೆ ಮಾಡಿಸಿ.

ಈಗ ಆ ಹುಡುಗಿಯ ಮಾತು. ಮೂರು ತಿಂಗಳು ಪುಡಿ ತಿಂದು ಮುಗಿಸಿದ ಮೇಲೆ ಒಂದು ದಿನ ತಲೆ ತಿರುಗಿ ಗಿಡದ ಬುಡದಲ್ಲಿ ಬಿದ್ದಳು. ಆಸ್ಪತ್ರೆಯಲ್ಲಿ ಬೆರಳು ಚುಚ್ಚಿ ನೋಡಿದರೆ ಹಿಮೋಗ್ಲೋಬಿನ್ 7. ಬಸುರಿಯಲ್ಲದ ಹೆಂಗಸಿಗೆ 12 ಇರಬೇಕು, ಬಸುರಿಗೆ 11, ಗಂಡಸಿಗೆ 13. ಇದನ್ನು ಕಬ್ಬಿಣದ ಲೆಕ್ಕಕ್ಕೆ ತಿರುಗಿಸಿ ನೋಡಿ. ಒಂದು ಗ್ರಾಂ ಹಿಮೋಗ್ಲೋಬಿನ್‌ನಲ್ಲಿ ಸುಮಾರು 3.4 ಮಿಲಿಗ್ರಾಂ ಕಬ್ಬಿಣ. ಅವಳ ಮೈಯಲ್ಲಿ ನಾಲ್ಕು ಲೀಟರ್ ರಕ್ತವೆಂದು ಹಿಡಿದರೆ, ರಕ್ತದಲ್ಲಿ ಇರಬೇಕಾದದ್ದಕ್ಕೂ ಇದ್ದದ್ದಕ್ಕೂ ನಡುವಿನ ವ್ಯತ್ಯಾಸ 680 ಮಿಲಿಗ್ರಾಂ. ಒಂದು ಸಣ್ಣ ಮೊಳೆಯ ತೂಕ! ಅಷ್ಟು ಕಬ್ಬಿಣವಿಲ್ಲದೆ ಆ ಹುಡುಗಿ ಏರು ಹತ್ತಲಾರದೆ ಹೋದಳು. ‘ಸೋಮಾರಿ’ ಎಂದು ಅವಳನ್ನು ಕರೆದವರಿದ್ದರು. ನಮ್ಮ ಲೈನಿನವರೂ ಕರೆದಿದ್ದರು.

ಇದು ಅವಳೊಬ್ಬಳ ಕತೆಯಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ನೂರಕ್ಕೆ 57 ಮಂದಿಗೆ ರಕ್ತಹೀನತೆ ಕಂಡುಬಂತು. ಐದು ವರ್ಷದೊಳಗಿನ ಮಕ್ಕಳಲ್ಲಿ ನೂರಕ್ಕೆ 67.

ಕಬ್ಬಿಣ ಎಲ್ಲಿ ಹೋಗುತ್ತದೆ? ತಿಂಗಳ ಮುಟ್ಟಿನಲ್ಲಿ, ಹೆರಿಗೆಯಲ್ಲಿ ಹೋಗುತ್ತದೆ, ಅದು ನಿಮಗೆ ಗೊತ್ತು. ತೋಟದಲ್ಲಿ ಇನ್ನೊಂದು ದಾರಿ ಇದೆ. ಕೊಕ್ಕೆಹುಳುವಿನ ಮರಿಗೆ ನೆರಳು ಬೇಕು, ತೇವದ ಮಣ್ಣು ಬೇಕು. ಕಾಫಿ ಗಿಡದ ಬುಡ ಅದಕ್ಕೆ ಹಾಸಿಗೆ ಇದ್ದಂತೆ. ಸಿರ್ಗಾಪುರದ ಬೇಸಿಗೆಯ ಒಣನೆಲದಲ್ಲಿ ಬೇಗ ಸಾಯುವ ಮರಿ ಅಲ್ಲಿ ವಾರಗಟ್ಟಲೆ ಬದುಕಿ, ಬರಿಗಾಲಿನ ಚರ್ಮದಿಂದ ಒಳಹೊಕ್ಕು, ಕರುಳಿಗೆ ಹೋಗಿ ಕಚ್ಚಿಕೊಳ್ಳುತ್ತದೆ. ನಮ್ಮ ಕಡೆ ಸಾಮಾನ್ಯವಾದ ಜಾತಿಯ ನೂರು ಹುಳುಗಳಿದ್ದರೆ ದಿನಕ್ಕೆ ಸುಮಾರು 3 ಮಿಲಿಲೀಟರ್ ರಕ್ತ, ಅದರೊಂದಿಗೆ ಸುಮಾರು ಒಂದು ಮಿಲಿಗ್ರಾಂ ಕಬ್ಬಿಣ ಹೋಗುತ್ತದೆ. ಊಟದಿಂದ ಮೈ ಹೀರಿಕೊಳ್ಳುವುದೇ ದಿನಕ್ಕೆ ಒಂದೆರಡು ಮಿಲಿಗ್ರಾಂ! ಬಂದದ್ದು ಬಂದ ಹಾಗೇ ಹೋಗಿಬಿಡುತ್ತದೆ. ಆದುದರಿಂದ ಹುಳದ ಮಾತ್ರೆ ನುಂಗದೆ, ಕಾಲಿಗೆ ಚಪ್ಪಲಿಯಿಲ್ಲದೆ, ಲೈನಿಗೆ ಕಕ್ಕಸಿಲ್ಲದೆ ಬರೀ ಟಾನಿಕ್ ಕುಡಿಯುವುದು ತೂತು ಕೊಡಕ್ಕೆ ನೀರು ಸುರಿದಂತೆ. ಚಪ್ಪಲಿಯನ್ನು ನಾವು ಕೊಳ್ಳಬಹುದು. ಕಕ್ಕಸನ್ನು ತೋಟದವರು ಕಟ್ಟಿಸಬೇಕು. ಕಟ್ಟಿಸಿ ಎಂದು ಎಲ್ಲರೂ ಒಟ್ಟಾಗಿ ಕೇಳುವಾಗ ಈ ರಕ್ತದ ಅಂಕಿಗಳನ್ನು ಒಂದು ಕಾಗದದ ಮೇಲೆ ಬರೆದುಕೊಂಡು ಹೋಗಿ. ಬರೀ ‘ಸುಸ್ತಾಗುತ್ತದೆ’ ಎಂದರೆ ಯಾರೂ ಕಿವಿಗೊಡುವುದಿಲ್ಲ.

ಬೆರಳು ಚುಚ್ಚಿದಾಗ ಒಂದು ಎಚ್ಚರಿಕೆ. ರಕ್ತ ಬರಲಿಲ್ಲವೆಂದು ಬೆರಳನ್ನು ಹಿಂಡಿದರೆ ಮಾಂಸದ ನೀರೂ ಬಂದು ಸೇರಿ ಅಂಕಿ ತಪ್ಪಾಗುತ್ತದೆ. ಚಳಿಯ ಬೆಳಗಿನಲ್ಲಿ ಕೈಯನ್ನು ಬೆಚ್ಚಗೆ ಉಜ್ಜಿಕೊಂಡು ಹೋಗಿ, ಹನಿ ತಾನಾಗಿ ಬರಲಿ. ಇನ್ನೊಂದು ಮಾತು. ಹಿಮೋಗ್ಲೋಬಿನ್ ಎಂಬುದು ಕೈಯಲ್ಲಿ ಓಡಾಡುವ ಹಣವಿದ್ದಂತೆ. ಪೆಟ್ಟಿಗೆಯಲ್ಲಿ ಕೂಡಿಟ್ಟ ಕಬ್ಬಿಣ ಬೇರೆ. ಅದನ್ನು ಫೆರಿಟಿನ್ ಎಂಬ ಪರೀಕ್ಷೆಯಿಂದ ತಿಳಿಯುತ್ತಾರೆ. ಜ್ವರವೋ ಕೀವೋ ಇರುವಾಗ ಆ ಅಂಕಿ ಸುಮ್ಮನೆ ಏರಿ ಮೋಸ ಮಾಡುತ್ತದೆ. ಆಗ ಜ್ವರವಿದ್ದರೆ ವೈದ್ಯರಿಗೆ ಹೇಳಿ.

ಬಸುರಿಯರಿಗೆ ಸರಕಾರ ಕೊಡುವ ಕೆಂಪು ಮಾತ್ರೆಯಲ್ಲಿ 60 ಮಿಲಿಗ್ರಾಂ ಕಬ್ಬಿಣವಿದೆ. ದಿನಕ್ಕೊಂದರಂತೆ 180 ದಿನ, ಹೆರಿಗೆಯಾದ ಮೇಲೆ ಮತ್ತೆ 180 ದಿನ. ಮಲ ಕಪ್ಪಗಾಗುತ್ತದೆ, ಹೆದರಬೇಡಿ. ಮಾತ್ರೆಯನ್ನು ಚಹದೊಂದಿಗೆ ಮಾತ್ರ ನುಂಗಬೇಡಿ. ನಾವು ಕಿತ್ತು ಕೊಟ್ಟ ಎಲೆಯೇ ನಮ್ಮ ಕಬ್ಬಿಣವನ್ನು ಕರುಳಿನಲ್ಲಿ ಕಟ್ಟಿಹಾಕುತ್ತದೆ. ಊಟಕ್ಕೂ ಚಹಕ್ಕೂ ನಡುವೆ ಒಂದು ಗಂಟೆ ಬಿಡಿ. ನಿಂಬೆಹುಳಿ ಜೊತೆಗಿದ್ದರೆ ಕಬ್ಬಿಣ ಚೆನ್ನಾಗಿ ಹೀರಲ್ಪಡುತ್ತದೆ. ಮಾತ್ರೆಯ ಡಬ್ಬಿ ಮಕ್ಕಳ ಕೈಗೆ ಸಿಗಬಾರದು. ಮಿಠಾಯಿಯೆಂದು ಹಲವು ಮಾತ್ರೆ ನುಂಗಿದ ಮಗುವಿನ ಜೀವಕ್ಕೇ ಅಪಾಯ. ಹುಡುಗಿಗೆ ಹುಳದ ಮಾತ್ರೆಯನ್ನೂ ಕಬ್ಬಿಣದ ಮಾತ್ರೆಯನ್ನೂ ಕೊಟ್ಟರು. ನಾಲ್ಕು ತಿಂಗಳ ಮೇಲೆ ಅವಳ ಅಂಕಿ 10.8. ಇನ್ನೂ 12 ಆಗಿಲ್ಲ. ಅವಳು ಈ ಕೂಟದಲ್ಲಿಯೇ ಇದ್ದಾಳೆ, ಹೆಸರು ಹೇಳಬೇಡಿ ಎಂದಿದ್ದಾಳೆ.

ಕೊನೆಯದು ನೀವು ತಂದ ಉಪ್ಪು. ಬೆಟ್ಟದ ಸೀಮೆಯಲ್ಲಿ ಮಳೆ ಸಾವಿರಾರು ವರ್ಷ ಮಣ್ಣನ್ನು ತೊಳೆದು ಅಯೋಡಿನ್ನನ್ನು ಸಮುದ್ರಕ್ಕೆ ಒಯ್ದಿದೆ. ಆದುದರಿಂದ ಹಿಮಾಲಯದ ತಪ್ಪಲಿನಲ್ಲಿ ಇದ್ದಂತೆ ನಮ್ಮ ಚಿಕ್ಕಮಗಳೂರು, ಕೊಡಗಿನ ಕಡೆಯೂ ಗಳಗಂಡ ಕಂಡುಬಂದಿದೆ. ಕತ್ತಿನ ಗಂಟು ಕಣ್ಣಿಗೆ ಕಾಣುವ ಕೇಡು. ಕಾಣದ ಕೇಡು ಗರ್ಭದಲ್ಲಿದೆ. ತಾಯಿಗೆ ಅಯೋಡಿನ್ ತೀರಾ ಕಡಿಮೆಯಾದರೆ ಮಗುವಿನ ಬುದ್ಧಿ, ಕಿವಿ, ಮಾತು ಎಲ್ಲಕ್ಕೂ ಪೆಟ್ಟು ಬೀಳುತ್ತದೆ, ಹುಟ್ಟಿದ ಮೇಲೆ ಅದನ್ನು ಸರಿಪಡಿಸಲಾಗದು. ಕೂನೂರಿನ ಪ್ರಯೋಗಶಾಲೆಯಲ್ಲಿ ಕೆಲಸ ಮಾಡಿದ್ದ ಡಾಕ್ಟರ್ ವಿ. ರಾಮಲಿಂಗಸ್ವಾಮಿಯವರು 1956ರಿಂದ ಹಿಮಾಚಲದ ಕಾಂಗ್ಡಾ ಕಣಿವೆಯಲ್ಲಿ ಅಯೋಡಿನ್ ಸೇರಿಸಿದ ಉಪ್ಪು ಕೊಟ್ಟು ನೋಡಿದರು. ಕೊಟ್ಟ ಕಡೆ ಗಳಗಂಡ ಇಳಿಯಿತು. 1962ರಲ್ಲಿ ದೇಶದ ಗಳಗಂಡ ನಿವಾರಣಾ ಕಾರ್ಯಕ್ರಮ ಪ್ರಾರಂಭವಾಯಿತು. 2006ರಿಂದ ಅಯೋಡಿನ್ ಇಲ್ಲದ ಉಪ್ಪನ್ನು ತಿನ್ನಲು ಮಾರುವುದು ದೇಶದಲ್ಲೆಲ್ಲ ನಿಷಿದ್ಧ.

ಮೈಯ ಅಯೋಡಿನ್ನನ್ನು ಮೂತ್ರದಿಂದ ಅಳೆಯುತ್ತಾರೆ, ಏಕೆಂದರೆ ತಿಂದದ್ದರಲ್ಲಿ ಹೆಚ್ಚಿನ ಪಾಲು ಅಲ್ಲಿಗೇ ಬರುತ್ತದೆ. ಹಳದಿ ಬಣ್ಣದ ಒಂದು ದ್ರಾವಣವಿದೆ. ಅಯೋಡಿನ್ ಇದ್ದಷ್ಟೂ ಬೇಗ ಅದರ ಬಣ್ಣ ಕಳೆಯುತ್ತದೆ. ಆದರೆ ಒಬ್ಬರ ಒಂದು ದಿನದ ಮೂತ್ರದಿಂದ ಏನೂ ಹೇಳಲಾಗದು, ಅದು ನಿನ್ನೆಯ ಊಟವನ್ನಷ್ಟೇ ಹೇಳುತ್ತದೆ. ಊರಿನ ಶಾಲೆಯ ಬಹಳ ಮಕ್ಕಳದ್ದನ್ನು ಅಳೆದು ಸಾಲಾಗಿ ಇಟ್ಟಾಗ ನಡುವೆ ಬರುವ ಅಂಕಿ ಲೀಟರಿಗೆ 100 ಮೈಕ್ರೋಗ್ರಾಮಿಗಿಂತ ಕಡಿಮೆಯಾದರೆ ಆ ಊರಿಗೇ ಕೊರತೆ. ಶಾಲೆಗೆ ಸೀಸೆ ತಂದವರನ್ನು ನಗಾಡಿ ಓಡಿಸಬೇಡಿ.

ಮನೆಯಲ್ಲಿ ನಾವೇ ಅಳೆಯಬಹುದಾದದ್ದು ಉಪ್ಪನ್ನು. ಒಂದು ಕಿಲೋ ಉಪ್ಪಿನಲ್ಲಿ 15 ಮಿಲಿಗ್ರಾಮಾದರೂ ಅಯೋಡಿನ್ ಮನೆಗೆ ತಲುಪಬೇಕು. ದೊಡ್ಡವರಿಗೆ ದಿನಕ್ಕೆ ಬೇಕಾದದ್ದು 150 ಮೈಕ್ರೋಗ್ರಾಂ, ಬಸುರಿಗೆ ಇನ್ನೂ ಹೆಚ್ಚು. ಎಪ್ಪತ್ತು ವರ್ಷಕ್ಕೆ ಕೂಡಿಸಿದರೂ ಒಂದು ಚಮಚದಷ್ಟು. ಆದರೆ ಒಮ್ಮೆಗೇ ತಿಂದು ಮುಗಿಸುವಂಥದ್ದಲ್ಲ, ದಿನವೂ ಬರುತ್ತಿರಬೇಕು. ಹಾಗೆಂದು ಉಪ್ಪು ಹೆಚ್ಚು ಸುರಿದುಕೊಂಡರೆ ರಕ್ತದೊತ್ತಡ ಏರುತ್ತದೆ. ಸಂತೆಯಲ್ಲಿ ಅಗ್ಗಕ್ಕೆ ಸಿಗುವ ಹರಳುಪ್ಪನ್ನು ತಂದು, ಮಣ್ಣು ಹೋಗಲೆಂದು ತೊಳೆದು, ಒಲೆಯ ಪಕ್ಕದ ಮಡಕೆಯಲ್ಲಿ ಬಾಯಿ ತೆರೆದಿಡುವುದು ನಮ್ಮ ಎಷ್ಟೋ ಮನೆಗಳ ರೂಢಿ. ಅದರಲ್ಲಿ ಅಯೋಡಿನ್ ಇದ್ದಿದ್ದರೂ ತೊಳೆದಾಗ ಕೊಂಚ, ತೇವಕ್ಕೆ ಕೊಂಚ, ಶಾಖಕ್ಕೆ ಕೊಂಚ ಹೋಗಿರುತ್ತದೆ. ಮುಚ್ಚಳದ ಡಬ್ಬಿಯಲ್ಲಿ, ಒಲೆಯಿಂದ ದೂರ ಇಡಿ.

ಈ ಸಣ್ಣ ಸೀಸೆಯಲ್ಲಿರುವುದು ಗಂಜಿಯ ತಿಳಿಯಂಥ ಪರೀಕ್ಷೆಯ ನೀರು. ಉಪ್ಪಿನ ಮೇಲೆ ಒಂದು ಹನಿ ಬಿಟ್ಟರೆ, ಅಯೋಡಿನ್ ಇದ್ದಲ್ಲಿ ನೀಲಿಯಾಗುತ್ತದೆ. ಇಲ್ಲದಿದ್ದರೆ ಬಿಳಿಯಾಗಿಯೇ ಉಳಿಯುತ್ತದೆ. ನೀಲಿಯ ಗಾಢತೆ ನೋಡಿ ಎಷ್ಟೆಂದು ನಿಖರವಾಗಿ ಹೇಳಲಾಗದು, ಇದೆಯೋ ಇಲ್ಲವೋ ಎಂಬುದಷ್ಟೇ ತಿಳಿಯುತ್ತದೆ. ಬಣ್ಣ ಬಾರದ ಮನೆಯವರು ನಾಚಿಕೊಳ್ಳಬೇಕಾಗಿಲ್ಲ. ಯಾವ ಅಂಗಡಿಯದ್ದೆಂದು ಹೇಳಿದರೆ ಸಾಕು, ನಾವು ಬರೆದುಕೊಳ್ಳುತ್ತೇವೆ. ಲಾಟೀನನ್ನು ಇತ್ತ ಸರಿಸಿ. ಮುಂದಿನ ಸಾಲಿನಲ್ಲಿ ಕುಳಿತಿರುವ ಅಜ್ಜಿಯ ಪೊಟ್ಟಣದಿಂದ ಪ್ರಾರಂಭಿಸೋಣ.